ಗ್ರಾಹಕ ನ್ಯಾಯವೂ ಸಂವಿಧಾನದ ಒರೆಗಲ್ಲೂ

೧

ಶಾಸನವೊಂದರ ಚರಿತ್ರೆಯನ್ನು ನಿರೂಪಿಸುವವರು ಸಾಮಾನ್ಯವಾಗಿ ಅದು ಹುಟ್ಟಿದ ಸಭೆಯ ಚರ್ಚೆಗಳನ್ನೂ ಅದನ್ನು ತಂದವರ ಉದ್ದೇಶಗಳನ್ನೂ ಆಧಾರವಾಗಿ ಇಟ್ಟುಕೊಳ್ಳುವರು. ಆದರೆ ಶಾಸನದ ಬಲಾಬಲಗಳು ಸ್ಪಷ್ಟವಾಗಿ ತೋರಿಬರುವುದು, ಅದನ್ನು ಒಪ್ಪದವರು ನ್ಯಾಯಾಸ್ಥಾನದ ಬಾಗಿಲಿಗೆ ಹೋಗಿ, ಇದನ್ನು ವಿಧಿಸುವ ಅಧಿಕಾರ ಎಲ್ಲಿಂದ ಬಂದಿತೆಂದು ಕೇಳಿದಾಗಲೇ. ಭಾರತದ ಪಾರ್ಲಿಮೆಂಟು ೧೯೮೬ರಲ್ಲಿ ವಿಧಿಸಿದ ಗ್ರಾಹಕರ ಸಂರಕ್ಷಣಾ ಅಧಿನಿಯಮವು ಇಂತಹ ಪ್ರಶ್ನೆಗೆ ಮೇಲಿಂದ ಮೇಲೆ ಗುರಿಯಾದ ಶಾಸನಗಳಲ್ಲೊಂದು. ವೈದ್ಯರು ಕೇಳಿದರು, ಗೃಹ ನಿರ್ಮಾಣ ಸಂಘದವರು ಕೇಳಿದರು, ಕಡೆಗೆ, ಶಾಸನವು ಯಾರ ಸಲುವಾಗಿ ಹುಟ್ಟಿತೋ ಆ ಗ್ರಾಹಕರೇ ಕೇಳಿದರು.

ಈ ಪ್ರಶ್ನೆಗಳನ್ನು ಕಾಲಾನುಕ್ರಮದಲ್ಲಿ ಇಟ್ಟು ನೋಡಿದರೆ ಒಂದು ವಿಶೇಷವು ಕಂಡುಬರುವುದು. ಮೊದಲ ಹದಿನೇಳು ವರ್ಷಗಳಲ್ಲಿ ಸಂವಿಧಾನವು, ಗ್ರಾಹಕರ ನ್ಯಾಯಪೀಠಗಳನ್ನು ಕೆಡಹಬೇಕೆಂದವರ ಆಯುಧವಾಗಿದ್ದಿತು. ಅನಂತರದ ಕಾಲದಲ್ಲಿ ಅದೇ ಸಂವಿಧಾನವು, ಆ ಪೀಠಗಳು ತಮ್ಮ ಹೆಸರಿಗೆ ತಕ್ಕಂತೆ ಇರಬೇಕೆಂದು ಹಟ ಹಿಡಿದವರ ಆಯುಧವಾಯಿತು. ಈ ಪರಿವರ್ತನೆಯ ನಡುಗಂಬವಾಗಿ ನಿಂತಿರುವುದು ಕರ್ನಾಟಕದಿಂದ ಸರ್ವೋಚ್ಚ ನ್ಯಾಯಾಲಯಕ್ಕೆ ಹೋದ ಒಂದು ವ್ಯಾಜ್ಯ. ಅದರ ಹಿನ್ನೆಲೆ, ಅದರಲ್ಲಿ ಎದ್ದ ವಾದಗಳು, ಅದರ ಪರಿಣಾಮ, ಇವುಗಳನ್ನು ಪರಿಶೀಲಿಸುವುದೇ ಈ ಲೇಖನದ ಉದ್ದೇಶ.

೨

ಕೊಳ್ಳುವವನ ರಕ್ಷಣೆಯು ರಾಜ್ಯದ ಹೊಣೆಯೆಂಬ ಭಾವನೆ ಈ ದೇಶಕ್ಕೆ ಹೊಸದಲ್ಲ. ಮೈಸೂರಿನಲ್ಲಿ ಆರ್. ಶಾಮಶಾಸ್ತ್ರಿಗಳು ೧೯೦೯ರಲ್ಲಿ ಪ್ರಕಟಿಸಿ ಲೋಕಕ್ಕೆ ಒದಗಿಸಿದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ತೂಕ ಅಳತೆಗಳನ್ನು ನೋಡಿಕೊಳ್ಳುವ ಪೌತವಾಧ್ಯಕ್ಷನೂ ಮಾರಾಟದ ಸರಕುಗಳನ್ನು ನೋಡಿಕೊಳ್ಳುವ ಪಣ್ಯಾಧ್ಯಕ್ಷನೂ ಉಂಟು. ಕಂಟಕಶೋಧನವೆಂಬ ಅಧಿಕರಣದಲ್ಲಿ ವರ್ತಕರ ವಂಚನೆಯಿಂದ ಪ್ರಜೆಗಳನ್ನು ಕಾಪಾಡುವ ವಿಧಿಗಳನ್ನು ಪ್ರತ್ಯೇಕವಾಗಿಯೇ ಹೇಳಿದೆ. ಆದರೆ ಆ ವಿಧಿಗಳ ಜೀವಾಳ ದಂಡನೆ. ದಂಡವೆಂಬುದು ಮುಖ್ಯವಾಗಿ ರಾಜನಿಗೆ ಸಲ್ಲುವ ವಸ್ತು.

ಬ್ರಿಟಿಷರ ಆಳಿಕೆಯಲ್ಲಿ ಬಂದ ೧೮೭೨ರ ಕರಾರು ಅಧಿನಿಯಮ, ೧೯೩೦ರ ಸರಕು ಮಾರಾಟ ಅಧಿನಿಯಮಗಳು ಕೊಳ್ಳುವವನನ್ನೂ ಮಾರುವವನನ್ನೂ ಸಮಾನ ಬಲವುಳ್ಳ ಇಬ್ಬರು ಕಕ್ಷಿಗಳೆಂದು ಭಾವಿಸಿದವು. ಸರಕಿನ ಗುಣದೋಷಗಳನ್ನು ಕೊಳ್ಳುವವನೇ ನೋಡಿಕೊಳ್ಳಬೇಕೆಂಬುದು ಅವುಗಳ ಸಾಮಾನ್ಯ ನಿಯಮ. ಮಾರುವವನ ಹೊಣೆಯೆಂಬುದು ಅಪವಾದವಾಗಿ ಬರತಕ್ಕದ್ದು. ಸ್ವಾತಂತ್ರ್ಯಾನಂತರ ೧೯೫೪ರ ಆಹಾರ ಕಲಬೆರಕೆ ನಿವಾರಣಾ ಶಾಸನ, ೧೯೫೫ರ ಅವಶ್ಯಕ ವಸ್ತುಗಳ ಶಾಸನ, ೧೯೭೬ರ ತೂಕ ಅಳತೆಗಳ ಶಾಸನ ಮೊದಲಾದವು ಬಂದವು. ಇವೂ ದಂಡನೆಯ ಶಾಸನಗಳೇ. ಕಲಬೆರಕೆ ಮಾಡಿದ ವರ್ತಕನು ಸೆರೆಮನೆಗೆ ಹೋಗಬಹುದಾಗಿದ್ದಿತು. ಅವನಿಂದ ಎಣ್ಣೆಯನ್ನು ಕೊಂಡು ಕಾಯಿಲೆ ಬಿದ್ದವನಿಗೆ ಬರುತ್ತಿದ್ದುದು ಏನೂ ಇಲ್ಲ. ಅವನು ಪರಿಹಾರವನ್ನು ಬಯಸಿದರೆ ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಬೇಕು, ಕೋರ್ಟು ಶುಲ್ಕ ಕಟ್ಟಬೇಕು, ವಕೀಲರನ್ನು ಇಟ್ಟುಕೊಳ್ಳಬೇಕು, ವರ್ಷಗಟ್ಟಲೆ ವಾಯಿದೆಗಳಿಗೆ ಅಲೆಯಬೇಕು. ಕೆಟ್ಟುಹೋದ ಒಂದು ಹೊಲಿಗೆಯ ಯಂತ್ರಕ್ಕಾಗಿ ಇಷ್ಟನ್ನು ಮಾಡುವ ಬಡವನು ದುರ್ಲಭ. ಹಕ್ಕು ಇದ್ದಿತು, ಅದನ್ನು ಪಡೆಯುವ ದಾರಿ ಮಾತ್ರ ಹಕ್ಕಿಗಿಂತ ಹೆಚ್ಚು ಬೆಲೆಯದಾಗಿದ್ದಿತು.

೩

ಈ ಕೊರತೆಯನ್ನು ನೀಗುವುದಕ್ಕಾಗಿ, ವಿಶ್ವಸಂಸ್ಥೆಯ ಮಹಾಸಭೆಯು ೧೯೮೫ರ ಏಪ್ರಿಲಿನಲ್ಲಿ ಗ್ರಾಹಕ ರಕ್ಷಣೆಯ ಮಾರ್ಗಸೂತ್ರಗಳನ್ನು ಅಂಗೀಕರಿಸಿದ ಮರುವರ್ಷವೇ, ಭಾರತದ ಪಾರ್ಲಿಮೆಂಟು ಹೊಸ ಶಾಸನವನ್ನು ವಿಧಿಸಿತು. ೧೯೮೬ರ ಡಿಸೆಂಬರ್ ೨೪ರಂದು ಅದಕ್ಕೆ ರಾಷ್ಟ್ರಪತಿಗಳ ಅಂಕಿತ ದೊರೆಯಿತು.

ಇದರ ರಚನೆ ಮೂರು ಅಂತಸ್ತುಗಳದು. ಜಿಲ್ಲೆಗೊಂದು ವೇದಿಕೆ, ರಾಜ್ಯಕ್ಕೊಂದು ಆಯೋಗ, ದೇಶಕ್ಕೊಂದು ರಾಷ್ಟ್ರೀಯ ಆಯೋಗ. ಮೊದಲಿಗೆ ಒಂದು ಲಕ್ಷ ರೂಪಾಯಿಗಳವರೆಗಿನ ವ್ಯಾಜ್ಯಗಳು ಜಿಲ್ಲಾ ವೇದಿಕೆಗೂ, ಹತ್ತು ಲಕ್ಷದವರೆಗಿನವು ರಾಜ್ಯ ಆಯೋಗಕ್ಕೂ, ಅದಕ್ಕೆ ಮೇಲ್ಪಟ್ಟವು ರಾಷ್ಟ್ರೀಯ ಆಯೋಗಕ್ಕೂ ಸಲ್ಲತಕ್ಕವೆಂದು ಗೊತ್ತಾಯಿತು. ಶಾಸನವು ಮೊದಲು ವಿಧಿಸಲ್ಪಟ್ಟಾಗ ಫಿರ್ಯಾದಿಗೆ ಶುಲ್ಕವಿರಲಿಲ್ಲ. ವಕೀಲರನ್ನು ಇಟ್ಟುಕೊಳ್ಳಬೇಕೆಂಬ ನಿರ್ಬಂಧವೂ ಇರಲಿಲ್ಲ. ವಿಚಾರಣೆ ಸಂಕ್ಷಿಪ್ತವಾದುದು. ಪೀಠವು ಸರಕಿನ ದೋಷವನ್ನು ಸರಿಪಡಿಸುವಂತೆಯೂ, ಬೇರೆ ಸರಕನ್ನು ಕೊಡುವಂತೆಯೂ, ಹಣವನ್ನು ಹಿಂದಿರುಗಿಸುವಂತೆಯೂ, ನಷ್ಟವನ್ನು ತುಂಬಿಕೊಡುವಂತೆಯೂ ಆಜ್ಞೆ ಮಾಡಬಹುದಾಗಿದ್ದಿತು.

ಪೀಠದಲ್ಲಿ ಕುಳಿತುಕೊಳ್ಳುವವರು ಯಾರು? ಜಿಲ್ಲಾ ವೇದಿಕೆಯ ಅಧ್ಯಕ್ಷರು ಜಿಲ್ಲಾ ನ್ಯಾಯಾಧೀಶರಾಗಿರಬೇಕು, ಆಗಿದ್ದವರಾಗಿರಬೇಕು, ಇಲ್ಲವೆ ಆ ಪದವಿಗೆ ಅರ್ಹರಾಗಿರಬೇಕು. ಉಳಿದ ಇಬ್ಬರಲ್ಲಿ ಒಬ್ಬರು ವಿದ್ಯೆ, ವ್ಯಾಪಾರ ಅಥವಾ ವಾಣಿಜ್ಯದಲ್ಲಿ ಹೆಸರಾದವರು. ಮತ್ತೊಬ್ಬರು ಸಮಾಜಸೇವೆಯಲ್ಲಿ ತೊಡಗಿದ ಮಹಿಳೆ. ೧೯೯೩ರ ತಿದ್ದುಪಡಿಯಲ್ಲಿ ಈ ಮಾತುಗಳು ಬದಲಾಗಿ, ಅರ್ಥಶಾಸ್ತ್ರ, ನ್ಯಾಯಶಾಸ್ತ್ರ, ವಾಣಿಜ್ಯ, ಲೆಕ್ಕಪತ್ರ, ಕೈಗಾರಿಕೆ, ಸಾರ್ವಜನಿಕ ವ್ಯವಹಾರ, ಆಡಳಿತ ಇವುಗಳಲ್ಲಿ ಜ್ಞಾನವೋ ಅನುಭವವೋ ಉಳ್ಳ ಇಬ್ಬರು ಸದಸ್ಯರು, ಅವರಲ್ಲಿ ಒಬ್ಬರು ಮಹಿಳೆ, ಎಂದಾಯಿತು. ರಾಜ್ಯ ಆಯೋಗಕ್ಕೆ ಉಚ್ಚ ನ್ಯಾಯಾಲಯದ, ರಾಷ್ಟ್ರೀಯ ಆಯೋಗಕ್ಕೆ ಸರ್ವೋಚ್ಚ ನ್ಯಾಯಾಲಯದ ಹಾಲಿ ಅಥವಾ ಮಾಜಿ ನ್ಯಾಯಮೂರ್ತಿಗಳು ಅಧ್ಯಕ್ಷರು.

ಶಾಸನದ ಎರಡು ಪ್ರಕರಣಗಳು ಮುಂದಿನ ಕಥೆಗೆ ಅತ್ಯಾವಶ್ಯಕವಾದುವು. ಇಪ್ಪತ್ತೈದನೆಯ ಪ್ರಕರಣವು ಪೀಠದ ಆಜ್ಞೆಯನ್ನು ನ್ಯಾಯಾಲಯದ ಡಿಕ್ರಿಯಂತೆಯೇ ಅಮಲ್ಜಾರಿ ಮಾಡಬಹುದೆಂದು ಹೇಳಿತು. ಇಪ್ಪತ್ತೇಳನೆಯದು, ಆಜ್ಞೆಯನ್ನು ಪಾಲಿಸದವನಿಗೆ ಒಂದು ತಿಂಗಳಿಗೆ ಕಡಿಮೆಯಿಲ್ಲದೆ ಮೂರು ವರ್ಷಗಳವರೆಗೆ ಸೆರೆಯನ್ನೋ, ಎರಡು ಸಾವಿರದಿಂದ ಹತ್ತು ಸಾವಿರ ರೂಪಾಯಿಗಳವರೆಗೆ ಜುಲ್ಮಾನೆಯನ್ನೋ, ಎರಡನ್ನೂ ಸೇರಿಸಿಯೋ ವಿಧಿಸಬಹುದೆಂದಿತು. ಇವೆರಡೂ ಇಲ್ಲದಿದ್ದರೆ ವೇದಿಕೆಯ ಆಜ್ಞೆಯು ಸದ್ಬೋಧೆಯಾಗಿ ಉಳಿಯುತ್ತಿದ್ದಿತು. ಇವೆರಡೂ ಇದ್ದುದರಿಂದಲೇ ವಿರೋಧವೂ ಹುಟ್ಟಿತು. ಹಲ್ಲಿಲ್ಲದ ಹಾವಿಗೆ ಯಾರೂ ದೊಣ್ಣೆ ಎತ್ತುವುದಿಲ್ಲ.

೪

ವಿರೋಧದ ಮೊದಲ ಅಲೆಯು ಶಾಸನದ ವ್ಯಾಪ್ತಿಯನ್ನು ಕುರಿತದ್ದು. 'ಸೇವೆ' ಎಂಬ ಪದದ ಅರ್ಥ ಎಷ್ಟು ದೂರ ಹರಿಯುವುದೆಂಬುದೇ ಅಲ್ಲಿನ ವಾದ. ೧೯೯೩ರ ನವೆಂಬರಿನಲ್ಲಿ ಲಖನೌ ಅಭಿವೃದ್ಧಿ ಪ್ರಾಧಿಕಾರದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು, ಮನೆಗಳನ್ನು ಕಟ್ಟಿಸಿಕೊಡುವ ಸರಕಾರಿ ಪ್ರಾಧಿಕಾರವೂ ಸೇವೆಯನ್ನೇ ಮಾಡುತ್ತಿರುವುದೆಂದೂ, ಆದುದರಿಂದ ಅದು ಗ್ರಾಹಕರ ವೇದಿಕೆಯ ಮುಂದೆ ಉತ್ತರ ಹೇಳಬೇಕೆಂದೂ ತೀರ್ಮಾನಿಸಿತು. ಅದೇ ವರ್ಷದ ತಿದ್ದುಪಡಿಯು 'ಗೃಹ ನಿರ್ಮಾಣ' ಎಂಬ ಮಾತನ್ನು ಸೇವೆಯ ನಿರ್ವಚನದಲ್ಲಿಯೇ ಸೇರಿಸಿತು. ನಿವೇಶನಕ್ಕೂ ಮನೆಗೂ ಹಣ ಕಟ್ಟಿ ಕಾಯುತ್ತಿದ್ದವರಿಗೆ ಇದರಿಂದ ಹೊಸ ಬಾಗಿಲು ತೆರೆದಂತಾಯಿತು.

ಎರಡನೆಯ ಅಲೆ ವೈದ್ಯರದು. ೧೯೯೫ರ ನವೆಂಬರ್ ೧೩ರಂದು ತೀರ್ಮಾನವಾದ ಭಾರತೀಯ ವೈದ್ಯ ಸಂಘದ ವ್ಯಾಜ್ಯದಲ್ಲಿ ಪದಾರ್ಥದ ವಾದದೊಡನೆ ಸಂವಿಧಾನದ ವಾದವೂ ಬೆರೆತುಕೊಂಡಿತು. ಸಮಾನತೆಯನ್ನು ಹೇಳುವ ಹದಿನಾಲ್ಕನೆಯ ಅನುಚ್ಛೇದಕ್ಕೂ, ವೃತ್ತಿಸ್ವಾತಂತ್ರ್ಯವನ್ನು ಹೇಳುವ ಹತ್ತೊಂಬತ್ತನೆಯ ಅನುಚ್ಛೇದಕ್ಕೂ ಈ ಶಾಸನವು ವಿರುದ್ಧವೆಂಬುದು ವೈದ್ಯಪಕ್ಷದವರ ಮಾತು. ಶಸ್ತ್ರಚಿಕಿತ್ಸೆಯಂತಹ ಸೂಕ್ಷ್ಮವಾದ ವಿಷಯದಲ್ಲಿ ತಪ್ಪು ಯಾವುದು, ದುರ್ವಿಧಿ ಯಾವುದು ಎಂಬುದನ್ನು ವೈದ್ಯವನ್ನು ಅರಿಯದ ಮೂವರು ನಿರ್ಣಯಿಸುವುದು ಹೇಗೆ? ಮೂವರಲ್ಲಿ ನ್ಯಾಯವನ್ನು ಓದಿದವರು ಒಬ್ಬರೇ ಆಗಿ, ಉಳಿದಿಬ್ಬರು ಬಹುಮತದಿಂದ ಅವರನ್ನು ಮೀರಿದರೆ ಗತಿಯೇನು?

ಈ ಆಕ್ಷೇಪಣೆಯನ್ನು ಹಗುರವಾಗಿ ತಳ್ಳಿಹಾಕುವಂತಿರಲಿಲ್ಲ. ನ್ಯಾಯಾಲಯವು ಕೊಟ್ಟ ಉತ್ತರವು ಸಾರಾಂಶದಲ್ಲಿ ಹೀಗಿದೆ: ಸಿವಿಲ್ ನ್ಯಾಯಾಧೀಶರೂ ವೈದ್ಯಶಾಸ್ತ್ರವನ್ನು ಓದಿದವರಲ್ಲ, ತಜ್ಞರ ಸಾಕ್ಷ್ಯವನ್ನು ಪಡೆದು ನಿರ್ಣಯಿಸುವುದು ಅವರಿಗೆ ಹೇಗೆ ಸಾಧ್ಯವೋ ಹಾಗೆಯೇ ವೇದಿಕೆಗೂ ಸಾಧ್ಯ. ತೀರ ತೊಡಕಾದ ವಿಷಯವಿದ್ದರೆ ಫಿರ್ಯಾದಿಯನ್ನು ಸಿವಿಲ್ ನ್ಯಾಯಾಲಯಕ್ಕೆ ಕಳುಹಿಸಬಹುದು. ತಪ್ಪಿದರೆ ತಿದ್ದುವುದಕ್ಕೆ ಮೇಲಿನ ಎರಡು ಅಂತಸ್ತುಗಳಿವೆ. ಎಲ್ಲರಿಗೂ ಎಲ್ಲ ಕಾಲದಲ್ಲಿಯೂ ಪುಕ್ಕಟೆಯಾಗಿ ಚಿಕಿತ್ಸೆ ಮಾಡುವ ಆಸ್ಪತ್ರೆಗಳು ಮಾತ್ರ ಶಾಸನದ ಹೊರಗೆ. ಹಣ ಪಡೆಯುವ ಚಿಕಿತ್ಸೆ ಒಳಗೆ. ಒಂದೇ ಆಸ್ಪತ್ರೆಯಲ್ಲಿ ಕೆಲವರು ಹಣ ಕೊಟ್ಟು ಕೆಲವರು ಕೊಡದಿದ್ದರೆ, ಕೊಡದವರಿಗೂ ಈ ರಕ್ಷಣೆ ಸಲ್ಲುವುದು.

ಅದೇ ವರ್ಷದ ಏಪ್ರಿಲಿನಲ್ಲಿ ಲಕ್ಷ್ಮಿ ಎಂಜಿನಿಯರಿಂಗ್ ವರ್ಕ್ಸ್ ವ್ಯಾಜ್ಯದ ತೀರ್ಪು ಮತ್ತೊಂದು ಮಾತನ್ನು ಸ್ಪಷ್ಟಪಡಿಸಿದ್ದಿತು. ಗ್ರಾಹಕರ ವೇದಿಕೆಗಳು ನ್ಯಾಯಾಲಯದ ಕೆಲವು ಲಕ್ಷಣಗಳನ್ನು ಹೊಂದಿದ್ದರೂ ನ್ಯಾಯಾಲಯಗಳಲ್ಲ, ಅರೆನ್ಯಾಯಿಕ ಸಂಸ್ಥೆಗಳು. ಈ ಮಾತೇ ಮುಂದಿನ ದೊಡ್ಡ ಪ್ರಶ್ನೆಗೆ ಬೀಜವಾಯಿತು. ನ್ಯಾಯಾಲಯವಲ್ಲವಾದರೆ ನ್ಯಾಯಾಲಯದ ಕೆಲಸವನ್ನು ಮಾಡಲು, ಒಬ್ಬ ಮನುಷ್ಯನನ್ನು ಸೆರೆಗೆ ಕಳುಹಿಸಲು, ಅದಕ್ಕೆ ಅಧಿಕಾರವೆಲ್ಲಿಯದು?

೫

ಆ ಪ್ರಶ್ನೆಯನ್ನು ಪೂರ್ಣರೂಪದಲ್ಲಿ ಎತ್ತಿದುದು ಕರ್ನಾಟಕದ ಒಂದು ವ್ಯಾಜ್ಯ. ವಿಶ್ವಭಾರತಿ ಗೃಹ ನಿರ್ಮಾಣ ಸಹಕಾರ ಸಂಘವು ಶಾಸನದ ಸಿಂಧುತ್ವವನ್ನೇ ಪ್ರಶ್ನಿಸಿ ಕರ್ನಾಟಕದ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿಯನ್ನು ಸಲ್ಲಿಸಿದ್ದಿತು. ಅಲ್ಲಿಂದ ಸರ್ವೋಚ್ಚ ನ್ಯಾಯಾಲಯಕ್ಕೆ ಹೋದ ಮೇಲ್ಮನವಿಯಲ್ಲಿ ಕರ್ನಾಟಕ ರಾಜ್ಯವು ಒಂದು ಕಡೆ, ಸಂಘವು ಮತ್ತೊಂದು ಕಡೆ ನಿಂತವು. ತೀರ್ಪು ೨೦೦೩ರ ಜನವರಿ ೧೭ರಂದು ಹೊರಬಂದಿತು; ಅದನ್ನು ಬರೆದವರು ನ್ಯಾಯಮೂರ್ತಿ ಎಸ್. ಬಿ. ಸಿನ್ಹಾ ಅವರು.

ವಾದವನ್ನು ಅರಿಯಬೇಕಾದರೆ ಸಂವಿಧಾನದ ಚರಿತ್ರೆಯಲ್ಲಿ ಸ್ವಲ್ಪ ಹಿಂದಕ್ಕೆ ಹೋಗಬೇಕು. ೧೯೭೬ರ ನಲವತ್ತೆರಡನೆಯ ತಿದ್ದುಪಡಿಯು ಎರಡು ಕೆಲಸಗಳನ್ನು ಮಾಡಿದ್ದಿತು. ಒಂದು, ನ್ಯಾಯಪೀಠಗಳ ರಚನೆ ಎಂಬ ವಿಷಯವನ್ನು ರಾಜ್ಯಗಳ ಪಟ್ಟಿಯಿಂದ ತೆಗೆದು, ಸರ್ವೋಚ್ಚ ಉಚ್ಚ ನ್ಯಾಯಾಲಯಗಳ ಹೊರತು ಉಳಿದವುಗಳ ಮಟ್ಟಿಗೆ, ಕೇಂದ್ರ ರಾಜ್ಯಗಳೆರಡಕ್ಕೂ ಸೇರಿದ ಸಮವರ್ತಿ ಪಟ್ಟಿಯಲ್ಲಿ ೧೧ಎ ಎಂಬ ನಮೂದಾಗಿ ಇಟ್ಟಿತು. ಎರಡು, ೩೨೩ಎ ಮತ್ತು ೩೨೩ಬಿ ಎಂಬ ಹೊಸ ಅನುಚ್ಛೇದಗಳಲ್ಲಿ ಕೆಲವು ವಿಷಯಗಳನ್ನು ಹೆಸರಿಸಿ ಅವುಗಳಿಗೆ ನ್ಯಾಯಮಂಡಲಿಗಳನ್ನು ರಚಿಸಬಹುದೆಂದು ಹೇಳಿತು. ಗ್ರಾಹಕರ ವ್ಯಾಜ್ಯವು ಆ ಹೆಸರುಗಳಲ್ಲಿ ಇಲ್ಲ.

ಇಂತಹ ಮಂಡಲಿಗಳು ಉಚ್ಚ ನ್ಯಾಯಾಲಯದ ಸ್ಥಾನವನ್ನೇ ಆಕ್ರಮಿಸಬಹುದೆ ಎಂಬ ಪ್ರಶ್ನೆಗೆ ಸರ್ವೋಚ್ಚ ನ್ಯಾಯಾಲಯವು ಎರಡು ಕಾಲದಲ್ಲಿ ಎರಡು ಉತ್ತರಗಳನ್ನು ಕೊಟ್ಟಿದ್ದಿತು. ಗ್ರಾಹಕರ ಶಾಸನಕ್ಕೆ ಅಂಕಿತ ಬಿದ್ದ ೧೯೮೬ರ ಡಿಸೆಂಬರ್ ತಿಂಗಳಿನಲ್ಲಿಯೇ ಹೊರಬಂದ ಸಂಪತ್‌ಕುಮಾರ್ ತೀರ್ಪು, ಸಮಾನ ಸಾಮರ್ಥ್ಯವುಳ್ಳ ಮಂಡಲಿಯಾದರೆ ಆಕ್ರಮಿಸಬಹುದೆಂದಿತು. ೧೯೯೭ರ ಮಾರ್ಚಿಯಲ್ಲಿ ಏಳು ನ್ಯಾಯಮೂರ್ತಿಗಳ ಪೀಠವು ಚಂದ್ರಕುಮಾರ್ ತೀರ್ಪಿನಲ್ಲಿ ಅದನ್ನು ತಿದ್ದಿ, ಉಚ್ಚ ನ್ಯಾಯಾಲಯದ ಪರಿಶೀಲನಾಧಿಕಾರವು ಸಂವಿಧಾನದ ಮೂಲಸ್ವರೂಪಕ್ಕೆ ಸೇರಿದುದೆಂದೂ, ಮಂಡಲಿಗಳು ಅದಕ್ಕೆ ಪೂರಕವಾಗಿ ಇರಬಹುದಲ್ಲದೆ ಅದರ ಸ್ಥಾನದಲ್ಲಿ ಕುಳಿತುಕೊಳ್ಳಲಾಗದೆಂದೂ ಸಾರಿತು.

ಈ ಹಿನ್ನೆಲೆಯಲ್ಲಿ ಶಾಸನದ ವಿರೋಧಿಗಳು ಎತ್ತಿದ ಆಕ್ಷೇಪಣೆಗಳನ್ನು ನಾಲ್ಕಾಗಿ ವಿಂಗಡಿಸಬಹುದು. ಮೊದಲನೆಯದು, ಸಂವಿಧಾನವು ಹೆಸರಿಸದ ವಿಷಯಕ್ಕೆ ನ್ಯಾಯಪೀಠಗಳನ್ನು ರಚಿಸಲು ಪಾರ್ಲಿಮೆಂಟಿಗೆ ಅಧಿಕಾರವಿಲ್ಲ. ಎರಡನೆಯದು, ಸಿವಿಲ್ ನ್ಯಾಯಾಲಯಗಳ ಪಕ್ಕದಲ್ಲಿ ಅದೇ ಕೆಲಸಕ್ಕೆ ಮತ್ತೊಂದು ಶ್ರೇಣಿಯನ್ನು ನಿಲ್ಲಿಸುವುದು ನ್ಯಾಯಾಂಗದ ವ್ಯವಸ್ಥೆಯನ್ನು ಕೆಡಿಸುವುದು. ಮೂರನೆಯದು, ನ್ಯಾಯವನ್ನು ಓದದ ಇಬ್ಬರು ಬಹುಮತದಿಂದ ತೀರ್ಪು ಕೊಡಬಹುದಾದ ಪೀಠವು ನ್ಯಾಯಪೀಠವೇ ಅಲ್ಲ. ನಾಲ್ಕನೆಯದು, ಅಂತಹ ಪೀಠಕ್ಕೆ ಅಮಲ್ಜಾರಿಯ ಮತ್ತು ಸೆರೆಯ ಅಧಿಕಾರವನ್ನು ಕೊಟ್ಟಿರುವ ೨೫, ೨೭ನೆಯ ಪ್ರಕರಣಗಳು ನಿಲ್ಲತಕ್ಕವಲ್ಲ.

ನ್ಯಾಯಾಲಯವು ನಾಲ್ಕನ್ನೂ ತಳ್ಳಿಹಾಕಿತು. ೩೨೩ಎ, ೩೨೩ಬಿ ಅನುಚ್ಛೇದಗಳು ಶಕ್ತಿಯನ್ನು ಕೊಡುವುವೇ ಹೊರತು ಬೇರೆ ಕಡೆಯಲ್ಲಿರುವ ಶಕ್ತಿಯನ್ನು ಕಿತ್ತುಕೊಳ್ಳುವುವಲ್ಲ. ಸಮವರ್ತಿ ಪಟ್ಟಿಯ ೧೧ಎ ನಮೂದೇ ಮೊದಲಾದವುಗಳಿಂದ ಪಾರ್ಲಿಮೆಂಟಿಗೆ ಸಾಕಷ್ಟು ಅಧಿಕಾರವು ದೊರೆಯುವುದು. ಗ್ರಾಹಕರ ಪೀಠಗಳು ಸಿವಿಲ್ ನ್ಯಾಯಾಲಯಗಳನ್ನು ಕಿತ್ತುಹಾಕುವುವಲ್ಲ, ಅವುಗಳ ಜೊತೆಗೆ ಕೂಡುವಂತಹವು. ಶಾಸನದ ಮೂರನೆಯ ಪ್ರಕರಣವೇ ಇದನ್ನು ಹೇಳುವುದು: ಅದರ ವಿಧಿಗಳು ಉಳಿದ ಶಾಸನಗಳಿಗೆ ಹೆಚ್ಚಿಗೆಯೇ ಹೊರತು ಅವುಗಳಿಗೆ ಕುಂದನ್ನು ತರತಕ್ಕವಲ್ಲ. ಕೊಳ್ಳುವವನು ಇಷ್ಟವಿದ್ದರೆ ಹಳೆಯ ಬಾಗಿಲಿಗೇ ಹೋಗಬಹುದು. ಉಚ್ಚ ನ್ಯಾಯಾಲಯದ ರಿಟ್ ಅಧಿಕಾರವನ್ನು ಶಾಸನವು ಮುಟ್ಟಿಲ್ಲವಾದುದರಿಂದ ಚಂದ್ರಕುಮಾರ್ ತೀರ್ಪಿಗೆ ವಿರೋಧವೂ ಇಲ್ಲ. ಪೀಠದ ಅಧ್ಯಕ್ಷರು ನ್ಯಾಯವನ್ನು ಅರಿತವರು. ಮೇಲಿನ ಆಯೋಗಗಳಿಗೆ ಉನ್ನತ ನ್ಯಾಯಾಲಯಗಳ ನ್ಯಾಯಮೂರ್ತಿಗಳೇ ಅಧ್ಯಕ್ಷರು. ಕಡೆಗೆ ಸರ್ವೋಚ್ಚ ನ್ಯಾಯಾಲಯಕ್ಕೂ ಅಪೀಲು ಉಂಟು.

ಅಮಲ್ಜಾರಿಯ ವಿಷಯದಲ್ಲಿ ತೀರ್ಪಿನ ತರ್ಕವು ಗಮನಾರ್ಹವಾದುದು. ಪೀಠವನ್ನು ರಚಿಸುವ ಅಧಿಕಾರವು ಪಾರ್ಲಿಮೆಂಟಿಗೆ ಇದ್ದರೆ, ಆ ಪೀಠದ ಆಜ್ಞೆಯು ನಡೆಯುವಂತೆ ಮಾಡುವ ಅಧಿಕಾರವೂ ಅದರೊಳಗೇ ಅಡಗಿರುವುದು. ೨೭ನೆಯ ಪ್ರಕರಣದ ಸೆರೆಯು ಅಮಲ್ಜಾರಿಗೆ ಸಹಾಯಕವಾದ ಇನ್ನೊಂದು ಉಪಾಯ. ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ತಡೆಯಾಜ್ಞೆಯನ್ನು ಮೀರಿದವನನ್ನು ಬಂಧನದಲ್ಲಿಡುವ ವಿಧಿ ಹೇಗೋ, ನ್ಯಾಯಾಂಗ ನಿಂದನೆಯ ಶಾಸನ ಹೇಗೋ, ಇದೂ ಹಾಗೆಯೇ. ಆಜ್ಞೆಯನ್ನು ನಡೆಸಿಕೊಡುವ ಶಕ್ತಿಯಿಲ್ಲದ ನ್ಯಾಯಪೀಠವು ದೇವರಿಲ್ಲದ ಗುಡಿಯಂತೆ ಎಂಬುದು ಈ ತರ್ಕದ ತಿರುಳು.

೬

ಈ ತೀರ್ಪು ಶಾಸನವನ್ನು ಉಳಿಸಿತು. ದೇಶದ ಜಿಲ್ಲೆಜಿಲ್ಲೆಗಳಲ್ಲಿ ನಡೆಯುತ್ತಿದ್ದ ವೇದಿಕೆಗಳ ನೆಲೆಯು ಅಂದು ಅಲುಗಿದ್ದರೆ, ನಿವೇಶನಕ್ಕೆ ಹಣ ಕಟ್ಟಿದವನೂ ವಿಮೆಯ ಹಣಕ್ಕೆ ಅಲೆಯುವವನೂ ಮತ್ತೆ ಸಿವಿಲ್ ದಾವೆಯ ಸಾಲಿನ ಕಡೆಯಲ್ಲಿ ನಿಲ್ಲಬೇಕಾಗುತ್ತಿದ್ದಿತು. ಆ ದೃಷ್ಟಿಯಿಂದ ತೀರ್ಪಿನ ಉಪಕಾರವು ಸಾಮಾನ್ಯವಾದುದಲ್ಲ.

ಆದರೂ ವಿಮರ್ಶೆಗೆ ಎಡೆಯಿಲ್ಲದಿಲ್ಲ. ನಾಲ್ಕು ಆಕ್ಷೇಪಣೆಗಳಲ್ಲಿ ಒಂದು, ಎರಡು, ನಾಲ್ಕನೆಯವಕ್ಕೆ ದೊರೆತ ಉತ್ತರಗಳು ಸಂವಿಧಾನದ ಮಾತುಗಳಿಂದಲೇ ದೊರೆತವು, ಅವು ದೃಢವಾದುವು. ಮೂರನೆಯದಕ್ಕೆ ದೊರೆತ ಉತ್ತರದ ಬಗೆ ಬೇರೆ. ಕೆಳಗಿನ ಪೀಠದಲ್ಲಿ ತಪ್ಪಾದರೆ ಮೇಲೆ ಸರಿಹೋಗುವುದೆಂಬುದು ಅದರ ಸಾರ. ಆದರೆ ಸಂಕ್ಷಿಪ್ತ ವಿಚಾರಣೆಯಲ್ಲಿ ಸಾಕ್ಷ್ಯವನ್ನು ಕಂಡು ಕೇಳಿ ದಾಖಲೆ ಮಾಡುವುದು ಕೆಳಗಿನ ಪೀಠ. ಅಲ್ಲಿ ದಾಖಲಾಗದೆ ಹೋದುದನ್ನು ಮೇಲಿನ ಪೀಠವು ಎಲ್ಲಿಂದ ತರಬೇಕು? ಮತ್ತು ಮೇಲಿನ ಅಂತಸ್ತುಗಳಿಗೆ ಹೋಗುವ ಶಕ್ತಿಯು ಕಂಪೆನಿಗೆ ಇರುವಷ್ಟು ಹೊಲಿಗೆಯ ಯಂತ್ರವನ್ನು ಕೊಂಡವನಿಗೆ ಇರುವುದಿಲ್ಲ. ಆದುದರಿಂದ ಈ ಉತ್ತರವು ನಿಲ್ಲುವುದು ಒಂದು ಭರವಸೆಯ ಮೇಲೆ. ಪೀಠದಲ್ಲಿ ಕುಳಿತುಕೊಳ್ಳುವವರು ನಿಜವಾಗಿಯೂ ಯೋಗ್ಯರೂ ಸ್ವತಂತ್ರರೂ ಆಗಿರುವರೆಂಬುದೇ ಆ ಭರವಸೆ. ತೀರ್ಪು ಶಾಸನವನ್ನು ಉಳಿಸಿತು. ಭರವಸೆಯನ್ನು ಉಳಿಸಿಕೊಳ್ಳುವ ಹೊಣೆಯು ಸರಕಾರಗಳ ಮೇಲೆ ಬಿದ್ದಿತು.

ಅಮಲ್ಜಾರಿಯ ವಿಷಯದಲ್ಲಿ ಕೂಡ ತೀರ್ಪಿನ ಗೆಲವು ಕಾಗದದ ಮೇಲೆ ಬಹುಕಾಲ ನಿಂತಿತು. ೨೦೦೨ರಲ್ಲಿ ಪಾರ್ಲಿಮೆಂಟು ವಿಧಿಸಿ ೨೦೦೩ರ ಮಾರ್ಚಿ ೧೫ರಿಂದ ಜಾರಿಗೆ ತಂದ ತಿದ್ದುಪಡಿಯು ಇಪ್ಪತ್ತೈದನೆಯ ಪ್ರಕರಣವನ್ನು ಬೇರೆ ಮಾತುಗಳಲ್ಲಿ ಬರೆಯಿತು. ಆಸ್ತಿಯ ಜಪ್ತಿಯನ್ನು ಹೇಳುವ ಭಾಗದಲ್ಲಿ 'ಮಧ್ಯಂತರ ಆಜ್ಞೆ' ಎಂಬ ಮಾತು ಬಂದಿತು. ಅಂತಿಮ ಆಜ್ಞೆಯ ಮಾತು ಬಿಟ್ಟುಹೋಯಿತು. ೨೦೨೫ರ ಆಗಸ್ಟಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಇದನ್ನು 'ಯಾವುದೇ ಆಜ್ಞೆ' ಎಂದು ಓದಿಕೊಳ್ಳಬೇಕೆಂದು ತೀರ್ಮಾನಿಸಬೇಕಾಯಿತು. ೨೦೦೩ರಿಂದ, ಹೊಸ ಶಾಸನವು ಬಂದ ೨೦೨೦ರವರೆಗಿನ ಹದಿನೇಳು ವರ್ಷಗಳ ಕೊರೆಯನ್ನು ಆ ಒಂದು ಪದದ ಅರ್ಥನಿರ್ಣಯದಿಂದ ತುಂಬಲಾಯಿತು. ಪಾಠಾಂತರದ ಮಹತ್ತ್ವವನ್ನು ಬಲ್ಲ ಗ್ರಂಥಸಂಪಾದಕರಿಗೆ ಇದು ಆಶ್ಚರ್ಯದ ವಿಷಯವೆನಿಸಲಾರದು. ಕಾವ್ಯದಲ್ಲಿ ಒಂದು ಪದವು ತಪ್ಪಿದರೆ ರಸಭಂಗ. ಶಾಸನದಲ್ಲಿ ತಪ್ಪಿದರೆ ಗೆದ್ದವನ ಕೈ ಬರಿದು.

೭

೧೯೮೬ರ ಶಾಸನವು ರದ್ದಾಗಿ, ಅದರ ಸ್ಥಾನದಲ್ಲಿ ೨೦೧೯ರಲ್ಲಿ ಹೊಸ ಅಧಿನಿಯಮವು ವಿಧಿಸಲ್ಪಟ್ಟು ೨೦೨೦ರ ಜುಲೈ ೨೦ರಿಂದ ಜಾರಿಗೆ ಬಂದಿತು. ಜಿಲ್ಲಾ ವೇದಿಕೆಗೆ ಜಿಲ್ಲಾ ಆಯೋಗವೆಂದು ಹೆಸರಾಯಿತು. ಸದಸ್ಯರ ಅರ್ಹತೆಯನ್ನೂ ನೇಮಕದ ಕ್ರಮವನ್ನೂ ನಿಯಮಗಳ ಮೂಲಕ ಗೊತ್ತುಮಾಡುವ ಅಧಿಕಾರವು ಕೇಂದ್ರ ಸರಕಾರಕ್ಕೆ ದೊರೆಯಿತು. ೨೦೦೩ರಲ್ಲಿ ಮೂರನೆಯದಾಗಿ ನಿಂತಿದ್ದ ಆಕ್ಷೇಪಣೆಯು ಇಲ್ಲಿ ಬೇರೊಂದು ರೂಪದಲ್ಲಿ ಮರಳಿ ಬಂದಿತು.

೨೦೨೦ರ ನಿಯಮಗಳು ರಾಜ್ಯ ಆಯೋಗದ ಸದಸ್ಯರಾಗುವವರಿಗೆ ಇಪ್ಪತ್ತು ವರ್ಷಗಳ, ಜಿಲ್ಲಾ ಆಯೋಗದ ಸದಸ್ಯರಾಗುವವರಿಗೆ ಹದಿನೈದು ವರ್ಷಗಳ ಅನುಭವವನ್ನು ವಿಧಿಸಿದವು. ಆಯ್ಕೆಯ ಸಮಿತಿಯು ತನ್ನ ಕಾರ್ಯಕ್ರಮವನ್ನು ತಾನೇ ಗೊತ್ತುಮಾಡಿಕೊಳ್ಳಬಹುದೆಂದವು. ಬೊಂಬಾಯಿ ಉಚ್ಚ ನ್ಯಾಯಾಲಯದ ನಾಗಪುರ ಪೀಠವು ೨೦೨೧ರ ಸೆಪ್ಟೆಂಬರಿನಲ್ಲಿ ಈ ನಿಯಮಗಳನ್ನು ಹದಿನಾಲ್ಕನೆಯ ಅನುಚ್ಛೇದಕ್ಕೆ ವಿರುದ್ಧವೆಂದು ರದ್ದುಪಡಿಸಿತು. ೨೦೨೩ರ ಮಾರ್ಚಿ ೩ರಂದು ಸರ್ವೋಚ್ಚ ನ್ಯಾಯಾಲಯವು ಆ ತೀರ್ಪನ್ನು ಎತ್ತಿಹಿಡಿಯಿತು. ನಿಯಮಗಳು ತಿದ್ದಲ್ಪಡುವವರೆಗೆ ಹತ್ತು ವರ್ಷಗಳ ಅನುಭವ ಸಾಕು. ಆದರೆ ತಲಾ ನೂರು ಅಂಕಗಳ ಎರಡು ಲಿಖಿತ ಪರೀಕ್ಷೆಗಳೂ ಐವತ್ತು ಅಂಕಗಳ ಮೌಖಿಕ ಪರೀಕ್ಷೆಯೂ ನಡೆಯಬೇಕು ಎಂದು ವಿಧಿಸಿತು.

ಇಲ್ಲಿ ವಾದದ ದಿಕ್ಕು ಬದಲಾದುದನ್ನು ಗಮನಿಸಬೇಕು. ೧೯೯೫ರಲ್ಲಿಯೂ ೨೦೦೩ರಲ್ಲಿಯೂ ಸದಸ್ಯರ ಯೋಗ್ಯತೆಯನ್ನು ಪ್ರಶ್ನಿಸಿದವರಿಗೆ ಪೀಠವೇ ಇಲ್ಲದಿದ್ದರೆ ಲಾಭವಿದ್ದಿತು. ೨೦೨೧ರಲ್ಲಿ ಪ್ರಶ್ನಿಸಿದವರು ಪೀಠವು ಬೇಡವೆನ್ನಲಿಲ್ಲ. ಅದು ಸರಿಯಾಗಿ ತುಂಬಿರಬೇಕೆಂದರು. ಹಿಂದೆ ಶಾಸನವನ್ನು ಕೊಲ್ಲಲು ಎತ್ತಿದ ಪ್ರಶ್ನೆಯು ಈಗ ಅದನ್ನು ಬದುಕಿಸಲು ಒದಗಿತು. ಸಮಾನತೆಯ ಅನುಚ್ಛೇದವು ಒಂದೇ. ಅದನ್ನು ಹಿಡಿದ ಕೈ ಬೇರೆ.

ಇದೇ ಮಾರ್ಗದಲ್ಲಿ ಗ್ರಾಹಕರೇ ಕೇಳಿದ ಪ್ರಶ್ನೆಯೊಂದು ೨೦೨೫ರ ಏಪ್ರಿಲ್ ೨೯ರಂದು ತೀರ್ಮಾನವಾಯಿತು. ಹಳೆಯ ಶಾಸನದಲ್ಲಿ ವ್ಯಾಜ್ಯವು ಯಾವ ಅಂತಸ್ತಿಗೆ ಸಲ್ಲತಕ್ಕುದೆಂಬುದು ಸರಕಿನ ಬೆಲೆ ಮತ್ತು ಕೇಳಿದ ಪರಿಹಾರ ಇವೆರಡರ ಮೊತ್ತದಿಂದ ಗೊತ್ತಾಗುತ್ತಿದ್ದಿತು. ಹೊಸ ಶಾಸನದಲ್ಲಿ ಅದು ಗ್ರಾಹಕನು ಕೊಟ್ಟ ಬೆಲೆಯೊಂದರಿಂದಲೇ ಗೊತ್ತಾಗುವುದು. ಒಂದೇ ಬಗೆಯ ಅನಾಹುತದಿಂದ ಒಂದೇ ಮೊತ್ತದ ನಷ್ಟವನ್ನು ಹೊಂದಿದ ಇಬ್ಬರಲ್ಲಿ ಹೆಚ್ಚು ಬೆಲೆ ಕೊಟ್ಟವನು ಮೇಲಿನ ಆಯೋಗಕ್ಕೂ ಕಡಿಮೆ ಕೊಟ್ಟವನು ಜಿಲ್ಲೆಗೂ ಹೋಗಬೇಕಾದುದು ಸಮಾನತೆಯೆ? ಅಲ್ಪ ಕಂತನ್ನು ಕಟ್ಟಿ ದೊಡ್ಡ ಮೊತ್ತದ ವಿಮೆಯನ್ನು ಪಡೆದವನಿಗೂ ಇದೇ ಸಂದೇಹ. 'ಗ್ರಾಹಕ'ನೆಂಬ ಪದದ ನಿರ್ವಚನವೇ ಕೊಟ್ಟ ಬೆಲೆಯ ಮೇಲೆ ನಿಂತಿದೆ. ಅದರ ಮೇಲೆ ಮಾಡಿದ ವಿಂಗಡಣೆಯು ಯುಕ್ತವೇ. ಪರಿಹಾರವನ್ನು ಕೇಳುವ ಹಕ್ಕಿಗಾಗಲಿ ಅದರ ಮೊತ್ತಕ್ಕಾಗಲಿ ಇದರಿಂದ ಕುಂದಿಲ್ಲ ಎಂದು ಸರ್ವೋಚ್ಚ ನ್ಯಾಯಾಲಯವು ಉತ್ತರ ಕೊಟ್ಟು ಶಾಸನವನ್ನು ಎತ್ತಿಹಿಡಿಯಿತು. ಈ ಉತ್ತರವು ಶಾಸ್ತ್ರಕ್ಕೆ ಒಪ್ಪುವಂತಹುದೇ. ಆದರೆ ಇದರ ಭಾರವೂ ಬೀಳುವುದು ಜಿಲ್ಲಾ ಆಯೋಗದ ಮೇಲೆಯೇ. ಕೋಟಿಗಟ್ಟಲೆ ಪರಿಹಾರದ ಪ್ರಶ್ನೆಗಳು ಜಿಲ್ಲೆಯಲ್ಲಿ ನಿರ್ಣಯವಾಗಬೇಕಾದರೆ, ಅಲ್ಲಿ ಕುಳಿತಿರುವವರು ಯಾರೆಂಬ ಪ್ರಶ್ನೆಯು ಮೊದಲಿಗಿಂತ ಮುಖ್ಯವಾಗುವುದು.

ಅದರ ಮುಂದಿನ ತಿಂಗಳಿನಲ್ಲಿಯೇ, ನೇಮಕಗಳನ್ನು ಕುರಿತ ಮತ್ತೊಂದು ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಗ್ರಾಹಕರ ವ್ಯಾಜ್ಯಗಳಿಗೆ ಸ್ಥಾಯಿಯಾದ ನ್ಯಾಯಪೀಠಗಳನ್ನು ಏರ್ಪಡಿಸುವ ಸಾಧ್ಯತೆಯನ್ನು ಪರಿಶೀಲಿಸಿ ತಿಳಿಸುವಂತೆ ಕೇಂದ್ರ ಸರಕಾರಕ್ಕೆ ಆಜ್ಞಾಪಿಸಿತು. ೧೯೯೫ರಲ್ಲಿ ಅರೆನ್ಯಾಯಿಕ ಸಂಸ್ಥೆಯೆಂದು ಕರೆಯಲ್ಪಟ್ಟುದು ಪೂರ್ಣ ನ್ಯಾಯಪೀಠವಾಗಬೇಕೆ ಎಂಬ ಪ್ರಶ್ನೆಯು ಹೀಗೆ ಮೂವತ್ತು ವರ್ಷಗಳ ಬಳಿಕ ಸರ್ವೋಚ್ಚ ನ್ಯಾಯಾಲಯದಿಂದಲೇ ಎದ್ದಿತು.

೮

ಈ ನಾಲ್ಕು ದಶಕಗಳ ಚರಿತ್ರೆಯಿಂದ ಎರಡು ಮಾತುಗಳು ಸಿದ್ಧವಾಗುವುವು. ಮೊದಲನೆಯದು, ಸಂವಿಧಾನದ ಒರೆಗಲ್ಲಿನ ಮೇಲೆ ತಿಕ್ಕಿದುದರಿಂದ ಗ್ರಾಹಕರ ಶಾಸನವು ಸವೆಯಲಿಲ್ಲ. ಅದರ ಬಣ್ಣವು ಗೊತ್ತಾಯಿತು. ವಿರೋಧಿಗಳು ಕೇಳದೆ ಇದ್ದಿದ್ದರೆ, ಈ ಪೀಠಗಳು ಸಿವಿಲ್ ನ್ಯಾಯಾಲಯಕ್ಕೆ ಪೂರಕವೆಂಬುದಾಗಲಿ, ಉಚ್ಚ ನ್ಯಾಯಾಲಯದ ಕಣ್ಣು ಅವುಗಳ ಮೇಲೆ ಇರತಕ್ಕುದೆಂಬುದಾಗಲಿ, ಆಜ್ಞೆಯ ಹಿಂದೆ ಬಲವಿರತಕ್ಕುದೆಂಬುದಾಗಲಿ ಇಷ್ಟು ಖಚಿತವಾಗುತ್ತಿರಲಿಲ್ಲ.

ಎರಡನೆಯದು ಇದಕ್ಕಿಂತ ಕಠಿನವಾದುದು. ವಿರೋಧಿಗಳ ಆಕ್ಷೇಪಣೆಗಳಲ್ಲಿ ಸೋತುಹೋಗಿಯೂ ಸಾಯದೆ ಉಳಿದುದು ಒಂದೇ, ನ್ಯಾಯ ಹೇಳುವವರ ಯೋಗ್ಯತೆ. ವೈದ್ಯರ ಬಾಯಲ್ಲಿ ಅದು ತಪ್ಪಿಸಿಕೊಳ್ಳುವ ಮಾತಾಗಿ ಕೇಳಿಸಿದ್ದಿರಬಹುದು; ಗೃಹ ನಿರ್ಮಾಣ ಸಂಘದ ಬಾಯಲ್ಲಿಯೂ ಹಾಗೆಯೇ. ಹೇಳಿದವರ ಸ್ವಾರ್ಥದಿಂದ ಹೇಳಿದ ಮಾತು ಸುಳ್ಳಾಗುವುದಿಲ್ಲ. ೨೦೦೩ರಲ್ಲಿ ಭರವಸೆಯಿಂದ ಉತ್ತರಿಸಲ್ಪಟ್ಟ ಆ ಪ್ರಶ್ನೆಯನ್ನು ೨೦೨೩ರಲ್ಲಿ ಪರೀಕ್ಷೆಯ ಅಂಕಗಳಿಂದ ಉತ್ತರಿಸಬೇಕಾಯಿತು.

ಹೊಲಿಗೆಯ ಯಂತ್ರವನ್ನು ಕೊಂಡವನಿಗೆ ೩೨೩ಬಿ ಅನುಚ್ಛೇದವೂ ೧೧ಎ ನಮೂದೂ ತಿಳಿದಿರಬೇಕಾದ ಅಗತ್ಯವಿಲ್ಲ. ಅವನು ಜಿಲ್ಲಾ ಆಯೋಗದ ಮೆಟ್ಟಿಲನ್ನು ಹತ್ತಿದಾಗ ಒಳಗೆ ಪೀಠವು ತುಂಬಿರಬೇಕು, ಕುಳಿತಿರುವವರು ಕೇಳಿಸಿಕೊಳ್ಳಬಲ್ಲವರಾಗಿರಬೇಕು, ಅವರು ಆಡಿದ ಮಾತು ನಡೆಯಬೇಕು. ಸಂವಿಧಾನದ ಹೆಸರಿನಲ್ಲಿ ನಡೆದ ಇಷ್ಟು ವಾದಗಳ ಫಲವನ್ನು ಅಳೆಯತಕ್ಕುದು ಆ ಮೂರು ಅಳತೆಗಳಿಂದಲೇ.